ಮೊದಲ ಪಂಕ್ತಿ

ಮೊದಲು ಬರುವುದು ವಾಸನೆ. ಸೈಮನ್ಸ್ ಟೌನಿನ ಧಕ್ಕೆಯಿಂದ ದೋಣಿ ಹೊರಟು ಇನ್ನೂ ಅರ್ಧ ಗಂಟೆಯಾಗಿಲ್ಲ. ಬೆಳಗಿನ ಚಳಿಗೆ ಜಾಕೆಟ್ಟಿನ ಜಿಪ್ಪನ್ನು ಗಂಟಲವರೆಗೆ ಎಳೆದುಕೊಂಡು, ಎರಡೂ ಕೈಯಲ್ಲಿ ಕಂಬಿ ಹಿಡಿದು ಕೂತಿದ್ದೀರಿ. ಎದುರುಗಾಳಿಯ ಜೊತೆ ಅದು ಬಂದು ಮುಖಕ್ಕೆ ಮೆತ್ತಿಕೊಳ್ಳುತ್ತದೆ. ಮಲ್ಪೆಯಲ್ಲೋ ತದಡಿಯಲ್ಲೋ ಮೀನು ಒಣಹಾಕಿದ ದಂಡೆಯಲ್ಲಿ ಮೂಗು ಮುಚ್ಚದೆ ಓಡಾಡಿದವರಿಗೂ ಇದು ಹೊಸದು. ಅಲ್ಲಿಯದು ಉಪ್ಪು ಹಿಡಿದ ವಾಸನೆ, ಮಧ್ಯಾಹ್ನದ ಊಟ ನೆನಪಿಸುವಂಥದ್ದು. ಇಲ್ಲಿಯದು ಕೆಟ್ಟ ಎಣ್ಣೆಯದು, ತಿಂಗಳುಗಟ್ಟಲೆ ಬಾಣಲೆಯಲ್ಲೇ ಉಳಿದ ಕರಿದ ಎಣ್ಣೆಗೆ ಇಲಿ ಬಿದ್ದು ಸತ್ತಂತೆ. ಮೂಗು ಮುಚ್ಚಿ ಬಾಯಲ್ಲಿ ಉಸಿರೆಳೆದರೆ ನಾಲಿಗೆಯ ಮೇಲೆ ಬಂದು ಕೂರುತ್ತದೆ. ದೋಣಿ ನಡೆಸುವವನು ತಿರುಗಿಯೂ ನೋಡದೆ ಹೇಳುತ್ತಾನೆ: "ಈ ಜಾಕೆಟ್ಟನ್ನು ಇನ್ನು ಮನೆಯೊಳಗೆ ತರಬೇಡಿ."

ಇದು ಆಫ್ರಿಕಾ ಖಂಡದ ನೈಋತ್ಯ ಮೂಲೆ, ಫಾಲ್ಸ್ ಬೇ ಎಂಬ ಕೊಲ್ಲಿ. ಈ ಶತಮಾನದ ಮೊದಲ ದಶಕದ ಒಂದು ಸೆಪ್ಟೆಂಬರ್ ಎಂದಿಟ್ಟುಕೊಳ್ಳಿ. ಅಲ್ಲಿಗದು ವಸಂತದ ಆರಂಭ. ಬೆನ್ನ ಹಿಂದೆ ಕೇಪ್ ಪರ್ಯಾಯ ದ್ವೀಪದ ಬೆಟ್ಟಸಾಲು. ಎದುರಿಗೆ, 30 ಕಿಲೋಮೀಟರ್ ಆಚೆ, ಹ್ಯಾಂಗ್‌ಕ್ಲಿಪ್ ಭೂಶಿರ. ಪೂರ್ವದ ಸಮುದ್ರಗಳಿಂದ ಮೆಣಸು, ಬಟ್ಟೆ ತುಂಬಿಕೊಂಡು ಯುರೋಪಿಗೆ ಮರಳುತ್ತಿದ್ದ ಹಡಗಿನವರು ಹ್ಯಾಂಗ್‌ಕ್ಲಿಪ್ಪನ್ನೇ ಕೇಪ್ ಪಾಯಿಂಟ್ ಎಂದು ತಿಳಿದು ಬೇಗ ತಿರುಗಿಬಿಡುತ್ತಿದ್ದರು, ತಿರುಗಿ ಈ ಕೊಲ್ಲಿಯೊಳಗೆ ಸಿಕ್ಕಿಕೊಳ್ಳುತ್ತಿದ್ದರು. ಅದಕ್ಕೇ ಇದು ಸುಳ್ಳು ಕೊಲ್ಲಿ.

ನೀರಿನ ಮೇಲೆ ಈಗ ದಾರಿಯೊಂದು ಕಾಣುತ್ತದೆ. ಸುತ್ತೆಲ್ಲ ಗಾಳಿಗೆ ಸಣ್ಣಲೆ ಕೆದರಿದೆ, ಇಲ್ಲಿ ಮಾತ್ರ ಒಂದು ಪಟ್ಟಿ ಇಸ್ತ್ರಿ ಹಾಕಿದಷ್ಟು ನುಣುಪು. ಬಗ್ಗಿ ನೋಡಿದರೆ ಎಣ್ಣೆಯ ಪೊರೆ, ಅದರಲ್ಲಿ ಅಲ್ಲಲ್ಲಿ ತೇಲುವ ಬಿಳಿ ಚೂರುಗಳು. ದೋಣಿಯವನು ಯಂತ್ರದ ವೇಗ ತಗ್ಗಿಸಿ ಆ ಪಟ್ಟಿಯನ್ನೇ ಹಿಡಿದು ಹೋಗುತ್ತಾನೆ. ಶಾರ್ಕ್‌ಗಳೂ ಹೀಗೇ ಬರುವುದು, ಅವುಗಳ ಮೂಗು ನೀರೊಳಗೆ, ನಿಮ್ಮದು ಮೇಲೆ, ಅಷ್ಟೇ ವ್ಯತ್ಯಾಸ.

ದೂರದಿಂದ ಅದು ಮಗುಚಿಬಿದ್ದ ಮಚವೆಯಂತೆ ಕಾಣುತ್ತದೆ. ಅದರ ಮೇಲೆ ಹಕ್ಕಿಗಳ ಜಾತ್ರೆ: ಕೆಲ್ಪ್ ಗಲ್‌ಗಳು, ನಡುವೆ ಕೊಳೆ ಬಣ್ಣದ ಒಂದೆರಡು ಜೈಂಟ್ ಪೆಟ್ರೆಲ್‌ಗಳು, ರೆಕ್ಕೆ ಅಗಲಿಸಿಕೊಂಡು ಜಾಗಕ್ಕೆ ಜಗಳ. ಹತ್ತಿರ ಹೋದಂತೆ ಮಚವೆ ತಿಮಿಂಗಿಲವಾಗುತ್ತದೆ. ಹೊಟ್ಟೆ ಮೇಲಾಗಿ, ಒಳಗಿನ ಅನಿಲಕ್ಕೆ ಊದಿಕೊಂಡು, ಹದಿನಾಲ್ಕು ಮೀಟರಿನ ಒಂದು ದೇಹ. ಒಂದು ಈಜುರೆಕ್ಕೆ ಆಕಾಶಕ್ಕೆ ಚಾಚಿದೆ. ಕಪ್ಪು ಚರ್ಮ ಪಟ್ಟಿಪಟ್ಟಿಯಾಗಿ ಸುಲಿದು ಅಡಿಯ ಬಿಳಿ ಕಾಣುತ್ತಿದೆ. ಗಂಟಲಿನಲ್ಲಿ ಹಂಪ್‌ಬ್ಯಾಕ್ ತಿಮಿಂಗಿಲಕ್ಕಿರುವಂಥ ಗೆರೆಗಳಿಲ್ಲ. ಇದು ಸದರ್ನ್ ರೈಟ್. 'ರೈಟ್' ಎಂದರೆ ಬಲಗಡೆಯಲ್ಲ, ಸರಿಯಾದದ್ದು ಎಂದು. ಬೇಟೆಗೆ ಸರಿಯಾದ ತಿಮಿಂಗಿಲ: ನಿಧಾನ ಈಜುತ್ತದೆ, ದಡದ ಹತ್ತಿರ ಬರುತ್ತದೆ, ಎಲ್ಲಕ್ಕಿಂತ ಮುಖ್ಯವಾಗಿ ಕೊಂದ ಮೇಲೆ ಮುಳುಗದೆ ತೇಲುತ್ತದೆ. ತೇಲುವುದು ಚರ್ಮದಡಿಯ ಕೊಬ್ಬಿನಿಂದ, ಬ್ಲಬ್ಬರ್ ಎನ್ನುವ ಆ ದಪ್ಪ ಪದರದಿಂದ. ಹೆಸರಿಟ್ಟವರು ಎಂಥ ಕಟುಕರೆಂದು ಬೈಯುವ ಮುನ್ನ ಒಂದು ಮಾತು. ಆ ಕೊಬ್ಬಿನ ಮೇಲೆ ಕಣ್ಣಿಟ್ಟವರಲ್ಲಿ ಮನುಷ್ಯರೇ ಮೊದಲಿಗರಲ್ಲ.

ಯಂತ್ರ ನಿಲ್ಲುತ್ತದೆ. ಹಕ್ಕಿಗಳ ಗದ್ದಲದಡಿ ಇನ್ನೊಂದು ಸದ್ದು ಕೇಳುತ್ತದೆ, ಒದ್ದೆ ಬಟ್ಟೆಯನ್ನು ಕಲ್ಲಿಗೆ ಒಗೆದಂತೆ. ಬಾಲದ ಕಡೆ ನೀರು ಕಲಕಿದೆ. ಕಂಬಿಯ ಮೇಲೆ ಬಾಗುತ್ತೀರಿ.

ನೀವು ಕಾದಿದ್ದದ್ದು ಸಿನಿಮಾದ ಶಾರ್ಕ್. ನೀರು ಸೀಳಿಕೊಂಡು ಬರುವ ರೆಕ್ಕೆ, ರಕ್ತ, ಚೀರಾಟ. ಬರುವುದು ಬೇರೆಯೇ. ನೀರಿನಡಿ ಒಂದು ಮಬ್ಬು ನೆರಳು ಮೇಲೇಳುತ್ತ ಬೂದು ಬೆನ್ನಾಗುತ್ತದೆ. ಅದಕ್ಕೆ ಅವಸರವೇ ಇಲ್ಲ. ಮೂತಿಯಿಂದ ಹೆಣವನ್ನು ಒಮ್ಮೆ ಮುಟ್ಟುತ್ತದೆ, ಸ್ವಲ್ಪ ಜರುಗಿ ಮತ್ತೊಮ್ಮೆ ಮುಟ್ಟುತ್ತದೆ. ಸಂತೆಯಲ್ಲಿ ಹಲಸಿನ ಹಣ್ಣು ಕೊಳ್ಳುವ ಅಜ್ಜಿ ಬೆರಳಲ್ಲಿ ತಟ್ಟಿ ನೋಡುವ ಹಾಗೆ. ಬಾಯಿ ತೆರೆದು ಒಂದು ಕಡೆ ಮೆಲ್ಲಗೆ ಅದುಮಿ, ಕಚ್ಚದೆ ಬಿಡುತ್ತದೆ. ಮುಂದಿನ ಜಾಗ. ಅಲ್ಲಿ ತೀರ್ಮಾನವಾದಂತಿದೆ. ಕಣ್ಣು ಹಿಂದಕ್ಕೆ ಹೊರಳಿ ಕಪ್ಪು ಹೋಗಿ ಬಿಳಿಯಾಗುತ್ತದೆ. ಕಚ್ಚುವ ಗಳಿಗೆಯಲ್ಲಿ ಕಣ್ಣಿಗೆ ಪೆಟ್ಟಾಗದಂತೆ ಬಿಳಿ ಶಾರ್ಕ್ ಮಾಡಿಕೊಂಡ ಏರ್ಪಾಡು. ಮೇಲಿನ ದವಡೆ ಮುಂದೆ ಚಾಚುತ್ತದೆ. ತ್ರಿಕೋನದ ಹಲ್ಲುಗಳು ನಾಟಿದ ಮೇಲೆ ಇಡೀ ಮೈ ಎಡಕ್ಕೂ ಬಲಕ್ಕೂ ತೊನೆಯುತ್ತದೆ. ಹಲ್ಲಿನಂಚಿನಲ್ಲಿ ಗರಗಸದ ಕಚ್ಚುಗಳಿವೆ, ಈ ತೊನೆತ ಗರಗಸ ಎಳೆಯುವ ಕೆಲಸ. ಆಗ ಬಂದದ್ದೇ ಆ ಬಟ್ಟೆ ಒಗೆಯುವ ಸದ್ದು. ಶಾರ್ಕ್ ಹಿಂದೆ ಸರಿದಾಗ ಹೆಣದ ಪಕ್ಕೆಯಲ್ಲಿ ತಲೆದಿಂಬು ಕೂರುವಷ್ಟು ಗುಳಿ, ಅಂಚು ನೀಟಾಗಿ ಕತ್ತರಿಸಿದಂತಿದೆ. ಗುಳಿಯ ಒಳಗೆ ರಕ್ತವಿಲ್ಲ. ಹಾಲುಬಿಳಿ, ತುಸು ಗುಲಾಬಿ ಕೊಬ್ಬು ಮಾತ್ರ.

"ಎಣಿಸಿ," ಅನ್ನುತ್ತಾನೆ ದೋಣಿಯವನು.

ಎಣಿಸತೊಡಗುತ್ತೀರಿ. ಬಾಲದ ಬಳಿ ಒಂದು. ಹೊಟ್ಟೆಯ ಆಚೆ ಬದಿಯಲ್ಲಿ ಇನ್ನೊಂದು, ಅರ್ಧ ಮೈಯನ್ನು ಹೆಣದ ಮೇಲೇ ಏರಿಸಿಕೊಂಡು ಸೀಳುತ್ತಿದೆ. ದೋಣಿಯ ಅಡಿಯಿಂದ ಮೂರನೆಯದು ಹಾದುಹೋಗುತ್ತದೆ, ತಲೆ ಒಂದು ಬದಿಯಲ್ಲಿ ಹೊರಬಂದಾಗ ಬಾಲ ಇನ್ನೂ ಇನ್ನೊಂದು ಬದಿಯಲ್ಲಿದೆ. ಆಮೇಲೆ ಲೆಕ್ಕ ತಪ್ಪುತ್ತದೆ. ಬೆನ್ನುರೆಕ್ಕೆಯ ಹಿಂದಂಚಿನ ಕಚ್ಚು ಒಂದೊಂದರದು ಒಂದೊಂದು ಬಗೆ. ತಜ್ಞರು ಅದನ್ನು ಫೋಟೋ ತೆಗೆದು ಒಂದನ್ನೇ ಎರಡು ಸಲ ಎಣಿಸದಂತೆ ನೋಡಿಕೊಳ್ಳುತ್ತಾರೆ. ಈ ಕೊಲ್ಲಿಯಲ್ಲೇ ದೋಣಿ ನಡೆಸಿಕೊಂಡಿದ್ದ ಛಾಯಾಗ್ರಾಹಕ ಕ್ರಿಸ್ ಫಾಲೋಸ್, ಸಂಶೋಧಕರಾದ ಆಸ್ಟಿನ್ ಗ್ಯಾಲಘರ್, ನೀಲ್ ಹ್ಯಾಮರ್‌ಶ್ಲಾಗ್ ಸೇರಿ ಇಂಥ ನಾಲ್ಕು ಹೆಣಗಳ ಸುತ್ತ ನಡೆದದ್ದನ್ನು ವರ್ಷಗಳ ಕಾಲ ಬರೆದಿಟ್ಟು 2013ರಲ್ಲಿ ಪ್ರಕಟಿಸಿದರು. ಒಂದೇ ಹೆಣಕ್ಕೆ ಬಂದ ಬೇರೆ ಬೇರೆ ಬಿಳಿ ಶಾರ್ಕ್‌ಗಳ ಸಂಖ್ಯೆ 40ರವರೆಗೂ ಹೋಗಿತ್ತು.

ನಲವತ್ತು! ಬೇಟೆಯಾಡುವಾಗ ಒಂಟಿಯಾಗಿ ಅಲೆಯುವ ಪ್ರಾಣಿ ಇದು. ಇಷ್ಟು ಮಂದಿ ಒಂದೇ ಎಲೆಗೆ ಕೂತರೆ ಕೊಲೆಯಾಗಬೇಕಿತ್ತಲ್ಲ? ಆಗುತ್ತಿಲ್ಲ. ನಾಲ್ಕೂವರೆ ಮೀಟರಿನ ಎರಡು ಶಾರ್ಕ್‌ಗಳು ಅಕ್ಕಪಕ್ಕ ಉಣ್ಣುತ್ತಿವೆ, ಬಾಲ ಬಾಲಕ್ಕೆ ತಾಗುತ್ತದೆ, ಯಾವುದೂ ತಿರುಗಿ ಕಚ್ಚುವುದಿಲ್ಲ. ಮೂರು ಮೀಟರಿನದೊಂದು ಹೊರಗೆ ದೊಡ್ಡ ಸುತ್ತು ಹಾಕುತ್ತಿದೆ, ಹತ್ತಿರ ಬರಲು ಧೈರ್ಯವಿಲ್ಲ. ಯಾರೂ ಅದನ್ನು ಅಟ್ಟಲಿಲ್ಲ. ಹಿರಿಯರು ಎದ್ದ ಮೇಲೆ ತನ್ನ ಸರದಿ ಎಂಬುದು ಅದಕ್ಕೆ ತಿಳಿದಿದೆ. ನಮ್ಮ ಮಠದ ಊಟಗಳಲ್ಲಿ ಮೊದಲ ಪಂಕ್ತಿಗೆ ಯಾರು ಕೂರಬೇಕೆಂಬುದಕ್ಕೆ ಎಷ್ಟೋ ರಗಳೆಯಾಗಿದೆ. ಇಲ್ಲಿ ಗಾತ್ರವೊಂದೇ ಅರ್ಹತೆ, ತಕರಾರಿಲ್ಲ.

ಇಷ್ಟು ದೊಡ್ಡವು ದಿನವೂ ಕಾಣುವಂಥವೂ ಅಲ್ಲ. ಉತ್ತರಕ್ಕೆ ಸ್ವಲ್ಪ ದೂರದಲ್ಲಿ ಸೀಲ್ ಐಲ್ಯಾಂಡ್ ಎಂಬ ಬೋಳುಬಂಡೆ ಇದೆ, 400 ಮೀಟರ್ ಉದ್ದ, ಸಾವಿರಾರು ಕೇಪ್ ಫರ್ ಸೀಲ್‌ಗಳು. ಚಳಿಗಾಲದ ನಸುಕಿನಲ್ಲಿ ಬಿಳಿ ಶಾರ್ಕ್‌ಗಳು ಅಲ್ಲಿ ಆಳದಿಂದ ಚಿಮ್ಮಿ, ಸೀಲ್ ಸಮೇತ ಇಡೀ ಮೈ ಗಾಳಿಗೆ ಹಾರಿಸಿಕೊಳ್ಳುವ ಫೋಟೋಗಳನ್ನು ನೀವು ನೋಡಿರುತ್ತೀರಿ. ಅದು ಚುರುಕಿನ, ಸಣ್ಣ ಮೈಯವರ ಕೆಲಸ. ಟನ್ನುಗಟ್ಟಲೆ ತೂಗುವ ಹಿರಿಯರಿಗೆ ಓಡುವ ಸೀಲಿನ ಹಿಂದೆ ಬೀಳುವುದು ದಂಡದ ಖರ್ಚು. ಅವು ಎಲ್ಲೆಲ್ಲೋ ಇರುತ್ತವೆ. ತಿಮಿಂಗಿಲ ಸತ್ತರೆ ಬರುತ್ತವೆ.

ಖರ್ಚು ಎಂದದ್ದು ಸುಮ್ಮನೆ ಬಾಯಿಮಾತಿಗಲ್ಲ. ಬಿಳಿ ಶಾರ್ಕ್ ಸುತ್ತಲಿನ ತಣ್ಣೀರಿಗಿಂತ ಬೆಚ್ಚಗಿನ ಮೈ ಉಳಿಸಿಕೊಳ್ಳುವ ಮೀನು, ಆ ಒಲೆಗೆ ಸೌದೆ ಬೇಕು. ಮಾಂಸದ ಎರಡು ಪಟ್ಟಿಗಿಂತ ಹೆಚ್ಚು ಶಕ್ತಿ ಕೊಬ್ಬಿನಲ್ಲಿದೆ. 1982ರಲ್ಲಿ ಫ್ರಾಂಕ್ ಕ್ಯಾರಿ ಮತ್ತು ಸಂಗಡಿಗರು ನ್ಯೂಯಾರ್ಕಿನ ಲಾಂಗ್ ಐಲ್ಯಾಂಡ್ ಹೊರಗೆ ತಿಮಿಂಗಿಲದ ಹೆಣ ತಿನ್ನುತ್ತಿದ್ದ ಬಿಳಿ ಶಾರ್ಕೊಂದರ ಮೈಬಿಸಿಯ ಅಳತೆಯಿಂದ, 30 ಕಿಲೋ ಬ್ಲಬ್ಬರ್ ತಿಂದರೆ ಅದಕ್ಕೆ ಒಂದೂವರೆ ತಿಂಗಳು ಸಾಕು ಎಂದು ಲೆಕ್ಕ ಹಾಕಿದ್ದರು. ಮೂವತ್ತು ವರ್ಷ ಪಠ್ಯಪುಸ್ತಕಗಳಲ್ಲಿ ಅದೇ ಮಾತು. 2013ರಲ್ಲಿ ಆಸ್ಟ್ರೇಲಿಯಾದ ಸಂಶೋಧಕರು ಮತ್ತೆ ಅಳೆದಾಗ ಅದು ಎರಡು ವಾರದ ಆಸುಪಾಸಿಗೆ, 12ರಿಂದ 15 ದಿನಕ್ಕೆ ಇಳಿಯಿತು. ಶಾರ್ಕ್ ಬಡಹೊಟ್ಟೆಯ ತಪಸ್ವಿಯಲ್ಲ, ನಾವು ಅಂದುಕೊಂಡದ್ದಕ್ಕಿಂತ ಬಹಳ ಹಸಿದಿರುವ ಪ್ರಾಣಿ.

ಹೊತ್ತು ಏರಿದೆ. ವಾಸನೆ ಈಗ ಗೊತ್ತಾಗುತ್ತಿಲ್ಲ, ಮೂಗು ಕೈಚೆಲ್ಲಿದೆ. ಬೆಳಿಗ್ಗೆ ಬಾಲದ ಬುಡದಲ್ಲಿ ಶುರುವಾದ ಊಟ ಹೊಟ್ಟೆಯ ಪಕ್ಕೆಗಳ ಕಡೆ, ಕೊಬ್ಬು ದಟ್ಟವಾಗಿರುವಲ್ಲಿಗೆ ಸರಿದಿದೆ. ಬಾಲದ ಮಾಂಸ ಕೆಂಪಗೆ ಜೋತು ಬಿದ್ದಿದೆ, ಯಾರಿಗೂ ಬೇಡ. ಆಗ ವಿಚಿತ್ರವೊಂದು ನಡೆಯುತ್ತದೆ. ಹೊಟ್ಟೆ ಬಿರಿಯ ತಿಂದ ದೊಡ್ಡ ಶಾರ್ಕೊಂದು ದೋಣಿಯ ಪಕ್ಕ ಬಂದು ಬಾಯಿ ತೆರೆದು, ನುಂಗಿದ ತುಂಡುಗಳನ್ನು ಹೊರಗೆ ಕಕ್ಕುತ್ತದೆ. ಬಿಳಿ ಚೂರುಗಳು ತೇಲುತ್ತವೆ. ಕ್ಷಣ ಬಿಟ್ಟು ಮತ್ತೆ ಹೆಣದ ಕಡೆಗೇ ತಿರುಗುತ್ತದೆ. ಕಡಿಮೆ ಕಸುವಿನದನ್ನು ಹೊರಹಾಕಿ ಹೆಚ್ಚು ಕಸುವಿನದಕ್ಕೆ ಜಾಗ ಮಾಡಿಕೊಳ್ಳುತ್ತಿರಬಹುದೆಂದು ಫಾಲೋಸ್ ತಂಡದವರ ಊಹೆ. ಅನ್ನ ಸಾರಿಗೇ ಹೊಟ್ಟೆ ತುಂಬಿಸಿಕೊಂಡು, ಕೊನೆಗೆ ಹೋಳಿಗೆಯ ಬುಟ್ಟಿ ಬಂದಾಗ ಪೇಚಾಡಿದ ಯಾರಿಗೂ ಈ ಊಹೆ ಒಪ್ಪಿಗೆಯಾಗುತ್ತದೆ.

ಉಂಡ ಒಂದೆರಡು ಈಗ ಅಮಲೇರಿದವರಂತೆ ಈಜುತ್ತಿವೆ. ಒಂದು ಹೆಣದ ಪಕ್ಕದಲ್ಲೇ ಮಗ್ಗುಲಾಗಿ, ಬಿಳಿಹೊಟ್ಟೆ ಕಾಣುವಂತೆ ವಾಲಿ ಹೋಗುತ್ತದೆ. ನೀರಿಗೆ ಕೈ ಇಳಿಬಿಟ್ಟರೆ ಬೆನ್ನು ಸವರಬಹುದು. ದಯವಿಟ್ಟು ಬಿಡಬೇಡಿ.

ದೋಣಿಯವನು ಥರ್ಮಾಸಿನಿಂದ ಕಾಫಿ ಬಗ್ಗಿಸಿ ಕೊಡುತ್ತಾನೆ. ಕುಡಿಯಲಾಗುವುದಿಲ್ಲ, ಅದರಲ್ಲೂ ತಿಮಿಂಗಿಲವಿದೆ. ಕಪ್ಪನ್ನು ಕೈಯಲ್ಲಿ ಹಿಡಿದು ಕೂತಾಗ ಒಂದು ಪದ ತಲೆಯಲ್ಲಿ ತಿರುಗತೊಡಗುತ್ತದೆ. ತಿಮಿಂಗಿಲ. ಸಂಸ್ಕೃತದಿಂದ ಬಂದ ಈ ಪದವನ್ನು ಒಡೆದರೆ ಸಿಗುವುದೇ ಊಟದ ವಿಚಾರ: ತಿಮಿ ಎಂಬ ದೊಡ್ಡ ಮೀನನ್ನು ನುಂಗುವುದು ತಿಮಿಂಗಿಲ. ಹಳಬರು ಅಲ್ಲಿಗೇ ನಿಲ್ಲಲಿಲ್ಲ. ತಿಮಿಂಗಿಲವನ್ನೂ ನುಂಗುವ ಒಂದನ್ನು ಕಲ್ಪಿಸಿ ತಿಮಿಂಗಿಲಗಿಲ ಎಂದರು. ಏಣಿಯ ಮೇಲೆ ಏಣಿ. ಮತ್ಸ್ಯನ್ಯಾಯ ಎಂದು ರಾಜನೀತಿಗೂ ಅದನ್ನೇ ಎಳೆದು ತಂದರು, ದೊಡ್ಡದು ಸಣ್ಣದನ್ನು ತಿನ್ನುತ್ತದೆ ಎಂದು. ಈಗ ಎದುರಿಗಿರುವುದನ್ನು ನೋಡಿ. ನುಂಗಿಸಿಕೊಳ್ಳುತ್ತಿರುವುದು ಹದಿನಾಲ್ಕು ಮೀಟರ್, ನುಂಗುತ್ತಿರುವುದು ನಾಲ್ಕೂವರೆ. ಸತ್ತದ್ದು ಬದುಕಿದ್ದಾಗ ತಿನ್ನುತ್ತಿದ್ದುದೋ ಅಕ್ಕಿಕಾಳಿನಷ್ಟು ಜೀವಿಗಳನ್ನು, ಬಾಯೊಳಗಿನ ಜರಡಿಯಲ್ಲಿ ಸೋಸಿ ಸೋಸಿ. ಸಮುದ್ರದಲ್ಲಿ ಏಣಿಯೇ ಇಲ್ಲ. ಕೊಬ್ಬು ಎಲ್ಲಿದೆ, ಅದನ್ನು ಎಷ್ಟು ಕಡಿಮೆ ಶ್ರಮದಲ್ಲಿ ತೆಗೆಯಬಹುದು ಎಂಬುದಷ್ಟೇ ಅಲ್ಲಿನ ನ್ಯಾಯ. ಮತ್ಸ್ಯನ್ಯಾಯ ಎಂದು ಬರೆದವರು ಮೀನು ನೋಡಿದ್ದು ಅಡುಗೆಮನೆಯಲ್ಲೇ ಇರಬೇಕು ಎಂಬುದು ನನ್ನ ಗುಮಾನಿ.

ಬದುಕಿರುವ ತಿಮಿಂಗಿಲಕ್ಕೆ ಶಾರ್ಕ್ ಕೈ ಹಾಕುವುದಿಲ್ಲವೇ? ಹಿಂದಿರುಗುವ ದಾರಿಯಲ್ಲಿ ಉತ್ತರ ತಾನೇ ಎದುರಾಗುತ್ತದೆ. ದಡದ ಹತ್ತಿರ ಸದರ್ನ್ ರೈಟ್ ತಾಯಿಯೊಂದು ಮರಿಯನ್ನು ಪಕ್ಕಕ್ಕಿಟ್ಟುಕೊಂಡು ಮಲಗಿದಂತೆ ತೇಲುತ್ತಿದೆ. ಉಸಿರು ಬಿಟ್ಟಾಗ ಕವಲೊಡೆದ ಎರಡು ಹಬೆಯ ಕಂಬ. ಹೆಣ ಉಣ್ಣುವ ಶಾರ್ಕ್‌ಗಳು ಕೆಲವೇ ಕಿಲೋಮೀಟರ್ ಆಚೆ ಇವೆ, ಇವಕ್ಕೆ ಗೊಡವೆಯಿಲ್ಲ. ಆ ಬಾಲದ ಒಂದು ಹೊಡೆತಕ್ಕೆ ಶಾರ್ಕಿನ ಎಲುಬು, ಎಲುಬಲ್ಲ ಮೃದ್ವಸ್ಥಿ, ಪುಡಿಯಾದೀತು.

ಆದರೆ ದುರ್ಬಲವಾಗಿದ್ದರೆ ಲೆಕ್ಕ ಬದಲಾಗುತ್ತದೆ. 2017ರ ಫೆಬ್ರುವರಿಯಲ್ಲಿ ಇಲ್ಲಿಂದ ಪೂರ್ವಕ್ಕಿರುವ ಮೊಸೆಲ್ ಬೇಯಲ್ಲಿ ಏಳು ಮೀಟರಿನ ಹಂಪ್‌ಬ್ಯಾಕ್ ಮರಿಯೊಂದು ಹಗ್ಗಕ್ಕೆ ಸಿಕ್ಕಿ, ಬಡಕಲಾಗಿ ಒದ್ದಾಡುತ್ತಿತ್ತು. ಎರಡು ಬಿಳಿ ಶಾರ್ಕ್‌ಗಳು ಬಂದವು. ಒಂದು ಕಚ್ಚಿ ಸರಿದರೆ ಇನ್ನೊಂದು. ಹೆಣದ ಮೇಲಿನ ನೆಮ್ಮದಿಯ ಊಟವಲ್ಲ, ಕಚ್ಚಿ ಕಾಯುವ ಕೆಲಸ, ರಕ್ತ ಹರಿದು ಸುಸ್ತಾಗಲಿ ಎಂದು. ಬದುಕಿದ್ದ ಹಂಪ್‌ಬ್ಯಾಕಿನ ಮೇಲೆ ಬಿಳಿ ಶಾರ್ಕ್ ಎರಗಿದ್ದನ್ನು ವಿಜ್ಞಾನಿಗಳು ಕಣ್ಣಾರೆ ಕಂಡು ಬರೆದದ್ದು ಅದೇ ಮೊದಲು. ಹಗ್ಗ ಮನುಷ್ಯರದು ಎಂದು ಬೇರೆ ಹೇಳಬೇಕಾಗಿಲ್ಲ.

ಅದೇ ವರ್ಷ, ಮೇ ತಿಂಗಳ ಮೊದಲ ವಾರ. ಈಗ ನೀವು ಹ್ಯಾಂಗ್‌ಕ್ಲಿಪ್ಪಿನ ಆಚೆಬದಿಯಲ್ಲಿ, ಗಾನ್ಸ್‌ಬಾಯ್ ಎಂಬ ಮೀನುಗಾರರ ಊರಿನ ದಂಡೆಯಲ್ಲಿ ನಿಂತಿದ್ದೀರಿ. ಚಳಿಗಾಲ ಹತ್ತಿರ ಬಂದಿದೆ, ಕಾಲಡಿಯ ಮರಳು ತಣ್ಣಗಿದೆ. ಕೆಲ್ಪ್ ಪಾಚಿಯ ರಾಶಿಯ ನಡುವೆ 4.9 ಮೀಟರ್ ಉದ್ದದ ಹೆಣ್ಣು ಬಿಳಿ ಶಾರ್ಕ್ ಮಗುಚಿ ಬಿದ್ದಿದೆ. ಮೊದಲ ಪಂಕ್ತಿಯಲ್ಲಿ ಕೂರುವ ಗಾತ್ರ. ನೀರೊಳಗೆ ಬೂದು ಎಂದು ಕಂಡ ಮೈ ಇಲ್ಲಿ ಸೀಸದ ಬಣ್ಣ, ಮುಟ್ಟಿದರೆ ಒಂದು ದಿಕ್ಕಿಗೆ ನಯ, ಇನ್ನೊಂದು ದಿಕ್ಕಿಗೆ ಸ್ಯಾಂಡ್‌ಪೇಪರ್. ಬಾಯಿ ಅರೆತೆರೆದಿದೆ. ಹಲ್ಲು ಒಂದೂ ಮುರಿದಿಲ್ಲ. ಬಲೆಯ ಗುರುತಿಲ್ಲ, ಗಾಳವಿಲ್ಲ.

ಕೈಗವಸು ತೊಟ್ಟವರು ಎದೆರೆಕ್ಕೆಗಳ ನಡುವಿನ ಗಾಯವನ್ನು ಬಿಡಿಸಿ ತೋರಿಸುತ್ತಾರೆ. ಅಲ್ಲೊಂದು ಸೀಳು, ಅಷ್ಟೇ. ಉಳಿದ ಮೈಯಲ್ಲಿ ತುಣುಕು ಮಾಂಸ ಹೋಗಿಲ್ಲ. ಕರುಳಿದೆ, ಜಠರವಿದೆ. ಒಳಗೆ ಕೈ ಹಾಕಿ ತಡಕಿದವರು ಒಬ್ಬರ ಮುಖ ಒಬ್ಬರು ನೋಡಿಕೊಳ್ಳುತ್ತಾರೆ. ಯಕೃತ್ತು ಇಲ್ಲ.

ಶಾರ್ಕಿನ ಯಕೃತ್ತೆಂದರೆ ನಮ್ಮದರಂತೆ ಪಕ್ಕೆಯಡಿ ಅಡಗಿದ ಅಂಗವಲ್ಲ. ಬಿಳಿ ಶಾರ್ಕಿನಲ್ಲಿ ಅದು ಮೈತೂಕದ ಕಾಲುಭಾಗದವರೆಗೂ ಬೆಳೆಯುತ್ತದೆ, ಹೊಟ್ಟೆಯ ಉದ್ದಕ್ಕೂ ಎರಡು ಹಾಸಿಗೆ ಸುರುಳಿಯಂತೆ ಮಲಗಿರುತ್ತದೆ, ತುಂಬ ಎಣ್ಣೆ. ಉಳಿದ ಹೆಚ್ಚಿನ ಮೀನುಗಳಿಗೆ ತೇಲಲು ಗಾಳಿಚೀಲವಿದ್ದರೆ ಶಾರ್ಕಿಗೆ ಈ ಎಣ್ಣೆಯೇ ತೆಪ್ಪ. ತಿಮಿಂಗಿಲದ ಕೊಬ್ಬನ್ನು ಉಂಡು ಸಾಗರ ದಾಟುವ ಶಾರ್ಕ್ ತನ್ನ ಬುತ್ತಿ ಕಟ್ಟಿಕೊಳ್ಳುವುದೂ ಇಲ್ಲೇ. ಈ ಸಂಗತಿ ನಮ್ಮ ಕಡಲ ಜನರಿಗೂ ಗೊತ್ತಿದ್ದದ್ದೇ. ಕಾರವಾರದ ಕಡೆ ಮೋರಿ, ಮಂಗಳೂರಿನ ಕಡೆ ತಾಟೆ ಎನ್ನುವ ಸಣ್ಣ ಶಾರ್ಕ್ ಕೊಯ್ದವರಿಗೆ ಒಳಗಿನ ಎಣ್ಣೆಯ ಮುದ್ದೆ ಕಂಡೇ ಇರುತ್ತದೆ. ಎರಡನೇ ಮಹಾಯುದ್ಧದಲ್ಲಿ ಯುರೋಪಿನಿಂದ ಕಾಡ್ ಲಿವರ್ ಎಣ್ಣೆ ಬರುವುದು ನಿಂತಾಗ ಭಾರತದ ಕರಾವಳಿಯಲ್ಲಿ ಶಾರ್ಕ್ ಲಿವರ್ ಎಣ್ಣೆ ತೆಗೆಯತೊಡಗಿದರು; ವಿಟಮಿನ್ ಎ ಎಂದು ಮಕ್ಕಳಿಗೆ ಮೂಗು ಹಿಡಿದು ಕುಡಿಸಿದ್ದು ಅದನ್ನೇ.

ಗಾನ್ಸ್‌ಬಾಯಲ್ಲಿ ಮರುದಿನ ಇನ್ನೊಂದು ಹೆಣ ಬಂತು, ಆ ವಾರದಲ್ಲೇ ಮತ್ತೊಂದು. ಯಕೃತ್ತು ಯಾವುದರಲ್ಲೂ ಇಲ್ಲ. ಕೆಲವಕ್ಕೆ ಹೃದಯವೂ ಇಲ್ಲ. ಕತ್ತಿ ಹಿಡಿದ ಕಳ್ಳರಿರಬೇಕೆಂದು ಊರಲ್ಲಿ ಮಾತಾಯಿತು. ಆದರೆ ಆ ದಿನಗಳಲ್ಲಿ ಕೊಲ್ಲಿಯಲ್ಲಿ ಎರಡು ಬೆನ್ನುರೆಕ್ಕೆಗಳು ಅಡ್ಡಾಡಿದ್ದನ್ನು ದೋಣಿಯವರು ನೋಡಿದ್ದರು. ಎತ್ತರದ ಕರಿರೆಕ್ಕೆಗಳು, ತುದಿ ಮಡಿಸಿ ಬಿದ್ದಿದ್ದವು. ಒಂದರದು ಎಡಕ್ಕೆ, ಒಂದರದು ಬಲಕ್ಕೆ. ಹಡಗಿನವರ ಭಾಷೆಯಲ್ಲಿ ಎಡ ಪೋರ್ಟ್, ಬಲ ಸ್ಟಾರ್‌ಬೋರ್ಡ್. ಈ ಎರಡು ಗಂಡು ಓರ್ಕಾಗಳಿಗೆ ಅದೇ ಹೆಸರು ನಿಂತಿತು. ಫಾಲ್ಸ್ ಬೇಯಲ್ಲಿ ಇವು 2015ರಲ್ಲೇ ಕಂಡಿದ್ದವು. ಏಳು ಕಿವಿರುಸೀಳಿನ ಸೆವೆನ್‌ಗಿಲ್ ಶಾರ್ಕ್‌ಗಳು ಯಕೃತ್ತಿಲ್ಲದೆ ತಳದಲ್ಲಿ ಬಿದ್ದಿದ್ದನ್ನು ಮುಳುಗುಗಾರರು ನೋಡಿದ್ದರು.

ಓರ್ಕಾಕ್ಕೆ ಇಂಗ್ಲಿಷಿನಲ್ಲಿ ಕೊಲೆಗಾರ ತಿಮಿಂಗಿಲ ಎಂಬ ಹೆಸರಿದೆ. ಕುಲದಲ್ಲಿ ಅದು ಡಾಲ್ಫಿನ್ ಮನೆತನದ್ದು, ಡಾಲ್ಫಿನ್ನುಗಳೋ ಹಲ್ಲಿರುವ ತಿಮಿಂಗಿಲಗಳ ದೊಡ್ಡ ಕುಟುಂಬದ್ದು. ಅಂದರೆ ನಿಮ್ಮೆದುರು ಲೆಕ್ಕ ತಿರುಗಿಬಿದ್ದಿದೆ: ಅಂದು ತಿಮಿಂಗಿಲದ ಕೊಬ್ಬನ್ನು ಶಾರ್ಕ್ ಉಂಡಿತು, ಇಂದು ಶಾರ್ಕಿನ ಕೊಬ್ಬನ್ನು ತಿಮಿಂಗಿಲದ ನೆಂಟ ಉಂಡಿದ್ದಾನೆ. ಇಬ್ಬರಿಗೂ ಬೇಕಿದ್ದದ್ದು ಕೊಬ್ಬೇ ಹೊರತು ಮಾಂಸವಲ್ಲ.

ಹೇಗೆ ಮಾಡುತ್ತಾರೆ ಎಂಬುದು ಬಹಳ ಕಾಲ ಊಹೆಯಾಗಿತ್ತು. ಒಂದು ಸುಳಿವು 1997ರ ಅಕ್ಟೋಬರಿನಲ್ಲೇ, ಕ್ಯಾಲಿಫೋರ್ನಿಯಾದ ಫ್ಯಾರಲೋನ್ ದ್ವೀಪಗಳ ಬಳಿ ಸಿಕ್ಕಿತ್ತು. ಪ್ರವಾಸಿಗಳ ದೋಣಿಯೆದುರೇ ಓರ್ಕಾವೊಂದು ಬಿಳಿ ಶಾರ್ಕನ್ನು ಕಚ್ಚಿ ಹಿಡಿದು ಅಲ್ಲಾಡದಂತೆ ಮಾಡಿತ್ತು. ಶಾರ್ಕನ್ನು ಅಂಗಾತ ತಿರುಗಿಸಿದರೆ ಅದು ಮಂಕು ಬಡಿದಂತೆ ನಿಶ್ಚಲವಾಗುತ್ತದೆ, ಅಕ್ವೇರಿಯಂಗಳಲ್ಲಿ ಕೆಲಸ ಮಾಡುವವರಿಗೂ ಈ ಉಪಾಯ ಗೊತ್ತು. 2022ರ ಮೇ ತಿಂಗಳಲ್ಲಿ ಮೊಸೆಲ್ ಬೇಯ ಮೇಲೆ ಹಾರುತ್ತಿದ್ದ ಡ್ರೋನ್ ಕೊನೆಗೂ ಇಡೀ ಬೇಟೆಯನ್ನು ಸೆರೆಹಿಡಿಯಿತು.

ಅದಾಗಿ ಒಂದು ವರ್ಷ, 2023ರ ಜೂನ್. ಈ ಸಲ ನೀವು ಮೊಸೆಲ್ ಬೇಯ ದೋಣಿಯಲ್ಲಿದ್ದೀರಿ. ಪೋರ್ಟ್ ನೂರು ಮೀಟರ್ ದೂರದಲ್ಲಿ ಸುಮ್ಮನಿದೆ. ಸ್ಟಾರ್‌ಬೋರ್ಡ್ ಒಂಟಿಯಾಗಿ ಎರಡೂವರೆ ಮೀಟರಿನ ಎಳೆಯ ಬಿಳಿ ಶಾರ್ಕಿನ ಹಿಂದೆ ಬಿದ್ದಿದೆ. ಎಡ ಎದೆರೆಕ್ಕೆ ಕಚ್ಚಿ ಹಿಡಿದು ಮುಂದಕ್ಕೆ ನೂಕುತ್ತ ಹೋಗುತ್ತದೆ, ಶಾರ್ಕ್ ಕೊಸರುತ್ತದೆ, ನೀರು ಮುಚ್ಚಿಕೊಳ್ಳುತ್ತದೆ. ಯಾರೋ ಕ್ಯಾಮೆರಾ ಸರಿಮಾಡಿಕೊಳ್ಳುವಷ್ಟರಲ್ಲಿ ಮುಗಿದಿದೆ. ಎರಡು ನಿಮಿಷಕ್ಕಿಂತ ಕಡಿಮೆ. ಸ್ವಲ್ಪ ಹೊತ್ತಿಗೆ ಸ್ಟಾರ್‌ಬೋರ್ಡ್ ದೋಣಿಯ ಪಕ್ಕದಲ್ಲೇ ಹಾದುಹೋಗುವಾಗ ಅದರ ಬಾಯಲ್ಲಿ ಪೀಚು ಬಣ್ಣದ ಒಂದು ತುಂಡು ತೂಗುತ್ತಿರುವುದು ಕಾಣುತ್ತದೆ. ಗಾಳಿಯಲ್ಲಿ ಮತ್ತೆ ಎಣ್ಣೆಯ ವಾಸನೆ, ಈ ಸಲ ತಾಜಾ.

ಗಾನ್ಸ್‌ಬಾಯಲ್ಲಿ ಶಾರ್ಕ್‌ಗಳಿಗೆ ಗುರುತುಯಂತ್ರ ಹಾಕಿ ಹಿಂಬಾಲಿಸುತ್ತಿದ್ದ ಆಲಿಸನ್ ಟೌನರ್ ಮತ್ತು ಸಂಗಡಿಗರು ಐದೂವರೆ ವರ್ಷದ ಲೆಕ್ಕವನ್ನು 2022ರಲ್ಲಿ ಪ್ರಕಟಿಸಿದರು. ಓರ್ಕಾಗಳು ಬಂದು ಹೋದ ಮೇಲೆ ಬಿಳಿ ಶಾರ್ಕ್‌ಗಳು ವಾರಗಟ್ಟಲೆ, ತಿಂಗಳುಗಟ್ಟಲೆ ಆ ಕಡೆ ಸುಳಿದಿರಲಿಲ್ಲ. ಸತ್ತವು ಬೆರಳೆಣಿಕೆಯಷ್ಟು, ಊರು ಬಿಟ್ಟವು ಎಲ್ಲವೂ. ಅವುಗಳ ಜಾಗಕ್ಕೆ ತಾಮ್ರಬಣ್ಣದ ಬ್ರಾಂಜ್ ವೇಲರ್ ಶಾರ್ಕ್‌ಗಳು ಬಂದು ಕೂತವು. ಓರ್ಕಾಗಳು ಅವನ್ನೂ ಬಿಡಲಿಲ್ಲ.

ಇದೆಲ್ಲ ಎರಡು ಓರ್ಕಾಗಳ ಕೆಲಸವೇ ಎಂದರೆ ದಕ್ಷಿಣ ಆಫ್ರಿಕಾದಲ್ಲೇ ಜಗಳ ಹತ್ತುತ್ತದೆ. ಫಾಲ್ಸ್ ಬೇಯಲ್ಲಿ ಶಾರ್ಕ್‌ಗಳು ಕಡಿಮೆಯಾಗುವುದು ಮೊದಲೇ ಶುರುವಾಗಿತ್ತು ಎನ್ನುವವರಿದ್ದಾರೆ. ಪೂರ್ವ ಕರಾವಳಿಯ ಸ್ನಾನದ ಕಡಲತೀರಗಳಿಗೆ ರಕ್ಷಣೆಯೆಂದು ಕಟ್ಟಿದ ಬಲೆಗಳಲ್ಲಿ, ಗಾಳಗಳಲ್ಲಿ ಬಿಳಿ ಶಾರ್ಕ್‌ಗಳು ದಶಕಗಳಿಂದ ಸಾಯುತ್ತಿವೆ ಎಂದು ತೋರಿಸುತ್ತಾರೆ. ನನಗೆ ಆ ವಾದದಲ್ಲಿ ತೂಕ ಕಾಣುತ್ತದೆ. ಓರ್ಕಾ ಕೊಂದದ್ದು ದಂಡೆಗೆ ಬಂದು ಬೀಳುತ್ತದೆ, ಫೋಟೋ ಬರುತ್ತದೆ, ಹೆಸರೂ ಸಿಗುತ್ತದೆ. ಬಲೆಗೆ ಹೆಸರಿಟ್ಟವರು ಯಾರೂ ಇಲ್ಲ.

ಈಗ ಮತ್ತೆ ಸೈಮನ್ಸ್ ಟೌನಿನ ಧಕ್ಕೆಗೆ ಬನ್ನಿ, ಅದೇ ಸೆಪ್ಟೆಂಬರ್, ಈ ವರ್ಷದ್ದು. ಸದರ್ನ್ ರೈಟ್‌ಗಳು ಈಗಲೂ ಬರುತ್ತವೆ, ಸತ್ತರೆ ಈಗಲೂ ತೇಲುತ್ತವೆ. ದಂಡೆಗೆ ಬಿದ್ದ ಹೆಣವನ್ನು ಯಂತ್ರ ತಂದು ಎತ್ತಿ ಲಾರಿಗೆ ಹೇರಿ ಕಸದ ಮೈದಾನಕ್ಕೆ ಸಾಗಿಸುವುದುಂಟು. ಜನವಸತಿಯ ಮಗ್ಗುಲಲ್ಲಿ ಅದನ್ನು ಕೊಳೆಯಲು ಬಿಡಲಾಗದು, ಒಪ್ಪಿದೆ. ಆದರೂ ಟನ್ನುಗಟ್ಟಲೆ ಕೊಬ್ಬನ್ನು ಸಮುದ್ರದ ಎಲೆಯಿಂದ ಎತ್ತಿ ಮಣ್ಣಿಗೆ ಹಾಕುವುದು ಶುದ್ಧ ದಂಡ. ದೂರಕ್ಕೆ ಎಳೆದು ಬಿಟ್ಟರೆ ಮೇಲಿನವರು ತಿಂದದ್ದು ತಿಂದು, ಉಳಿದದ್ದು ಮುಳುಗಿ, ತಳದ ಕತ್ತಲೆಯಲ್ಲಿ ಮೂಳೆಯೊಳಕ್ಕೆ ಬೇರಿಳಿಸಿ ಕೊಬ್ಬು ಹೀರುವ ಆಸೆಡಾಕ್ಸ್ ಹುಳುಗಳವರೆಗೆ ಎಲ್ಲರಿಗೂ ಆಗುತ್ತದೆ. ಆ ಹುಳುವನ್ನು ಮನುಷ್ಯ ಮೊದಲು ಕಂಡದ್ದೇ 2002ರಲ್ಲಿ, ಕ್ಯಾಲಿಫೋರ್ನಿಯಾದ ಮಾಂಟೆರೆ ಕಣಿವೆಯ ಆಳದಲ್ಲಿ ಬಿದ್ದ ತಿಮಿಂಗಿಲದ ಮೂಳೆಯ ಮೇಲೆ.

ದೋಣಿ ಸೀಲ್ ಐಲ್ಯಾಂಡನ್ನು ಸುತ್ತುತ್ತದೆ. ಬಂಡೆಯ ತುಂಬ ಸೀಲ್‌ಗಳು, ಗಲಾಟೆ, ಗಬ್ಬು. ಹಿಂದೆ ನೀರಿಗೆ ಇಳಿಯಲು ಹೆದರಿ ಗುಂಪು ಕಟ್ಟಿಕೊಂಡು ಹೋಗುತ್ತಿದ್ದವು ಈಗ ನೀರಲ್ಲೇ ಅಂಗಾತ ಬಿದ್ದು, ಒಂದು ರೆಕ್ಕೆ ಎತ್ತಿಕೊಂಡು ಬಿಸಿಲು ಕಾಯಿಸುತ್ತಿವೆ. ಅವುಗಳ ಸಂಖ್ಯೆ ಏರಿದೆ, ಅವು ತಿನ್ನುವ ಮೀನುಗಳದು ಇಳಿದಿದೆ ಎಂದು ಹ್ಯಾಮರ್‌ಶ್ಲಾಗ್ ತಂಡ 2025ರಲ್ಲಿ ಬರೆಯಿತು. ಮೊದಲು ಈ ದ್ವೀಪದ ಹತ್ತಿರ ಸುಳಿಯದಿದ್ದ ಸೆವೆನ್‌ಗಿಲ್‌ಗಳು 2017ರಿಂದ ಇಲ್ಲಿ ಕಾಣಿಸಿಕೊಂಡವು. ಬಿಳಿ ಶಾರ್ಕ್‌ಗಳು 2018ರಿಂದೀಚೆಗೆ ಇಲ್ಲ ಎಂದೇ ಹೇಳಬೇಕು.

ಕೇಪ್ ಟೌನಿಗೆ ಹೋಗುವ ನಮ್ಮವರು ಈಗಲೂ ಬಿಳಿ ಶಾರ್ಕ್ ಎಲ್ಲಿ ಎಂದು ಕೇಳುತ್ತಾರೆ. ಸುಮಾರು 400 ಕಿಲೋಮೀಟರ್ ಪೂರ್ವಕ್ಕೆ, ಮೊಸೆಲ್ ಬೇವರೆಗೆ ಹೋಗುವುದಾದರೆ ಅದೃಷ್ಟವಿದ್ದರೆ ಸಿಕ್ಕೀತು. ಸೀಲ್ ಐಲ್ಯಾಂಡಿಗೆ ಟಿಕೆಟ್ ತೆಗೆದುಕೊಂಡರೆ ಸೀಲ್ ನೋಡಿಕೊಂಡು ಬರಬಹುದು.